ಮನೆಯ ಸ್ಥಿತಿಯೂ ಮಕ್ಕಳ ವಿದ್ಯೆಯೂ

ಒಬ್ಬರೇ ಉಪಾಧ್ಯಾಯರ ಬಳಿ ಕಲಿತ ಇಬ್ಬರು ಹುಡುಗರಲ್ಲಿ ಒಬ್ಬನು ಹಿಂದುಳಿದರೆ, ಅವನನ್ನು ಮಂದಬುದ್ಧಿಯೆಂದು ಕರೆದುಬಿಡುವುದು ನಮ್ಮಲ್ಲಿ ರೂಢಿ. ಇದು ಆತುರದ ತೀರ್ಪು. 1966ರಲ್ಲಿ ಅಮೆರಿಕದ ಜೇಮ್ಸ್ ಕೋಲ್ಮನ್ನರೂ ಸಂಗಡಿಗರೂ ಪ್ರಕಟಿಸಿದ ವರದಿಯು, ಇಂಥ ಅಂತರಕ್ಕೆ ಶಾಲೆಯ ಸಲಕರಣೆಗಿಂತ ಮನೆಯ ಸ್ಥಿತಿಯೇ ಹೆಚ್ಚು ಕಾರಣವೆಂದಿತು.

ಬೀದರಿನ ಸೀಮೆಯನ್ನು ನೋಡೋಣ. ಹದಿನೈದನೆಯ ಶತಮಾನದಲ್ಲಿ ಮಹಮೂದ್ ಗವಾನನು ಕಟ್ಟಿಸಿದ ಮದರಸಾ ನಗರದಲ್ಲಿ ಇಂದಿಗೂ ನಿಂತಿದೆ. ಆದರೂ 2011ರ ಜನಗಣತಿಯಲ್ಲಿ ಜಿಲ್ಲೆಯ ಅಕ್ಷರಸ್ಥರು ನೂರಕ್ಕೆ ಸುಮಾರು 70, ರಾಜ್ಯದಲ್ಲಿ 75. ನಿಜಾಮರ ಆಳಿಕೆಯಲ್ಲಿ ಶಾಲೆಯ ಭಾಷೆ ಉರ್ದುವಾಗಿದ್ದಿತು. ಕನ್ನಡವಾಡುವ ಬಡ ಮಗುವಿಗೆ ಪಾಠಕ್ಕಿಂತ ಮೊದಲು ಭಾಷೆಯೇ ಅಡ್ಡಗೋಡೆ. ಭಾಲ್ಕಿ ಹಿರೇಮಠದ ಚನ್ನಬಸವ ಪಟ್ಟದ್ದೇವರು ಹೊರಗೆ ಉರ್ದು ಫಲಕವನ್ನು ತೂಗಹಾಕಿ ಒಳಗೆ ಕನ್ನಡವನ್ನು ಕಲಿಸಿದರು. ಬಡ ಮಕ್ಕಳಿಗೆ ಅನ್ನವನ್ನೂ ಇಟ್ಟರು. ಅನ್ನ, ಭಾಷೆ ಎರಡನ್ನೂ ಒಟ್ಟಿಗೆ ಕಂಡದ್ದೇ ಅವರ ಹೆಚ್ಚಳವೆಂದು ನಮ್ಮ ಎಣಿಕೆ.

ಔರಾದಿನ ತಾಂಡಾಗಳಲ್ಲಿ ಮನೆಮಾತು ಲಂಬಾಣಿ, ಪುಸ್ತಕದ ಮಾತು ಬೇರೆ. ಕಬ್ಬು ಕಡಿಯುವ ಕಾಲ ಬಂದಿತೆಂದರೆ ಕೆಲವು ಕುಟುಂಬಗಳು ಮಹಾರಾಷ್ಟ್ರಕ್ಕೆ ಗುಳೆ ಹೋಗುವುವು. ಕೈಗೂಸನ್ನು ನೋಡಿಕೊಳ್ಳಲು ಅಕ್ಕನೂ ಜೊತೆಗೆ. ಅವಳು ಮರಳುವಾಗ ತರಗತಿಯು ಗುಣಾಕಾರವನ್ನು ಮುಗಿಸಿ ಭಾಗಾಕಾರಕ್ಕೆ ಬಂದಿರುತ್ತದೆ. ಗುಣಾಕಾರವಿಲ್ಲದೆ ಭಾಗಾಕಾರವುಂಟೆ? ಮರುವರ್ಷ ಭಿನ್ನರಾಶಿಯೂ ಕೈಗೆ ಹತ್ತದು. ನಗರದ ಉದ್ಯೋಗಸ್ಥರ ಮಗುವು ಜ್ವರದಿಂದ ತಿಂಗಳು ಮಲಗಿದರೂ ತಾಯಿಯೋ ಮನೆಪಾಠದವರೋ ಬಿಟ್ಟುದನ್ನು ತುಂಬುವರು. ಈ ಹುಡುಗಿಗೆ ತುಂಬುವವರಾರು?

2002ರಲ್ಲಿ ಬೀದರೂ ಸೇರಿದಂತೆ ಏಳು ಜಿಲ್ಲೆಗಳಲ್ಲಿ ಮೊದಲಾದ ಅಕ್ಷರ ದಾಸೋಹವು ಹಸಿವೆಯನ್ನು ನೀಗಿ ಮಕ್ಕಳನ್ನು ಶಾಲೆಗೆ ಕರೆತಂದಿತು. ಆದರೆ ಮಗುವೇ ಊರಲ್ಲಿಲ್ಲದ ತಿಂಗಳುಗಳಲ್ಲಿ ಆ ಊಟವೂ ದೊರೆಯದು. ಅದಕ್ಕೆ ಬೇಕಾದುದು, ಹೆತ್ತವರು ಗುಳೆಯಿಂದ ಬರುವವರೆಗೆ ಮಕ್ಕಳನ್ನು ಊರಲ್ಲೇ ಇರಿಸಿಕೊಳ್ಳುವ ವಸತಿ, ಮತ್ತು ತಪ್ಪಿದ ಪಾಠವನ್ನು ಮೊದಲಿಂದ ಹೇಳಿಕೊಡುವ ತಾಳ್ಮೆಯುಳ್ಳ ಉಪಾಧ್ಯಾಯರು.