ಹಾಲಿನ ಗಾಡಿ ಸೆಲ್ಫ್ ಎತ್ತದಿದ್ದರೆ



ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಕಡೆಯ ಬೇಸಿಗೆಯಲ್ಲಿ ಕ್ಯಾನಿನ ಹಾಲು ಹುಳಿಯಾಗಲು ಹೆಚ್ಚು ಹೊತ್ತು ಬೇಕಿಲ್ಲ. ಗಾಡಿ ನಿಂತರೆ ಊರಿನ ಹಾಲೇ ನಿಂತಂತೆ. ಆಗ ಸೆಲ್ಫ್ ಮೋಟಾರನ್ನೇ ಬಿಚ್ಚಿಸುವವರುಂಟು. ಕೆಟ್ಟಿರುವುದು ಬೆಂಕಿಪೊಟ್ಟಣದಷ್ಟೂ ಇಲ್ಲದ ಸ್ಟಾರ್ಟರ್ ರಿಲೇ ಆಗಿರಬಹುದು. ಕೀಲಿಯಿಂದ ಬರುವ ಸಣ್ಣ ಕರೆಂಟಿನಿಂದ ಸೆಲ್ಫಿಗೆ ಬೇಕಾದ ದೊಡ್ಡ ಕರೆಂಟನ್ನು ಕೂಡಿಸುವುದು ಇದರ ಕೆಲಸ.

ಗಾಡಿ ನ್ಯೂಟ್ರಲ್‌ನಲ್ಲಿರಲಿ, ಹ್ಯಾಂಡ್‌ಬ್ರೇಕ್ ಎಳೆದಿರಲಿ. ಹೆಡ್‌ಲೈಟ್ ಹಾಕಿ ಕೀಲಿ ತಿರುಗಿಸಿ. ಬೆಳಕು ತೀರಾ ಕುಗ್ಗಿದರೆ ಬಹುಪಾಲು ಬ್ಯಾಟರಿಯದೋ, ಟರ್ಮಿನಲ್ಲಿಗೆ ಹಿಡಿದ ಬಿಳಿ ಪುಡಿಯದೋ ದೋಷ. ಕುಗ್ಗದಿದ್ದರೆ ಬಾನೆಟ್ ಅಥವಾ ಸ್ಟೀರಿಂಗ್ ಕೆಳಗಿನ ಫ್ಯೂಸ್ ಪೆಟ್ಟಿಗೆ ತೆರೆಯಿರಿ. ರಿಲೇ ಇರುವ ಜಾಗವನ್ನು ಸಾಮಾನ್ಯವಾಗಿ ಮುಚ್ಚಳದಲ್ಲೇ ಬರೆದಿರುತ್ತಾರೆ. (ಕೆಲವು ಹಳೆಯ ಜೀಪುಗಳಲ್ಲಿ ಬೇರೆ ರಿಲೇ ಇರುವುದಿಲ್ಲ.)

ರಿಲೇ ಮೇಲೆ ಬೆರಳಿಟ್ಟು ಇನ್ನೊಬ್ಬರಿಂದ ಕೀಲಿ ತಿರುಗಿಸಿ. ‘ಟಕ್’ ಎಂದರೆ ಸುರುಳಿ ಸರಿಯಿದೆ, ಅಷ್ಟೇ; ಒಳಗಿನ ಬಿಂದುಗಳು ಸುಟ್ಟಿರಬಹುದು. ಸುಲಭದ ಪರೀಕ್ಷೆಯೆಂದರೆ ಕೀಲಿ ತೆಗೆದು, ಹಾರ್ನಿನ ರಿಲೇ ಅದೇ ನಂಬರಿನದಾದರೆ ಅದಲು ಬದಲು ಮಾಡುವುದು. ಗಾಡಿ ಎದ್ದರೆ ರಿಲೇಯೇ ಕೆಟ್ಟಿದೆ. ಎಲೆಕ್ಟ್ರೀಷಿಯನ್ನಾದರೆ 85, 86ನೇ ಕಾಲುಗಳಿಗೆ 12 ವೋಲ್ಟ್ ಕೊಟ್ಟು, 30 ಮತ್ತು 87 ಕೂಡಿದವೇ ಎಂದು ಬಲ್ಬ್ ಹಾಕಿ ನೋಡುತ್ತಾರೆ.

ಹಳೆಯದನ್ನು ಅಂಗಡಿಗೆ ಒಯ್ದು ಅದೇ ನಂಬರು, ಅದೇ ಆಂಪಿಯರಿನದನ್ನು ತನ್ನಿ. ರಿಲೇ ಜಾಗದಲ್ಲಿ ತಂತಿ ಸಿಕ್ಕಿಸುವ ಜಾಣತನ ಬೇಡ. ಗೇರಿನಲ್ಲಿದ್ದರೆ ಗಾಡಿ ಮುಂದಿರುವವರ ಮೇಲೆ ನುಗ್ಗೀತು. ರಿಲೇ ಬದಲಿಸಿದರೂ ಏಳದಿದ್ದರೆ ಫ್ಯೂಸ್, ಕೀಲಿ ಸ್ವಿಚ್, ಸೆಲ್ಫ್ ನೋಡಿಸಬೇಕು. ಅಷ್ಟರಲ್ಲಿ ಕಾರ್ಯದರ್ಶಿಗೆ ತಿಳಿಸಿ ಬೇರೆ ಗಾಡಿ ಕರೆಸಿ. ಕ್ಯಾನುಗಳನ್ನು ನೆರಳಿಗಿಳಿಸಿ ಒದ್ದೆ ಗೋಣಿ ಹೊದಿಸಿ.