ವಂಶಾವಳಿ ಹೊತ್ತು ಬರುವ ಹೆಳವರು

ಶರಣಸಂಪ್ರದಾಯವು ಗಂಗಾಂಬಿಕೆಯ ಐಕ್ಯಸ್ಥಳವೆಂದು ಪೂಜಿಸುವ, ಮಲಪ್ರಭೆಯ ದಂಡೆಯ ಎಂ.ಕೆ. ಹುಬ್ಬಳ್ಳಿಯಿಂದ ಮೊದಲುಗೊಂಡು ಕಿತ್ತೂರು, ಬೈಲಹೊಂಗಲ, ಸವದತ್ತಿ, ರಾಮದುರ್ಗಗಳವರೆಗಿನ ನಾಡಿನಲ್ಲಿ ಸಂಚರಿಸುತ್ತ ಮನೆತನಗಳ ಅಡ್ಡಹೆಸರುಗಳನ್ನು ಕೇಳುತ್ತ ಹೋದವರಿಗೆ, ಈ ಜನ ಎಷ್ಟು ತಲೆಮಾರುಗಳಿಂದ ಊರಿಂದೂರಿಗೆ ನಡೆದಿದ್ದಾರೆಂಬುದು ತಾನಾಗಿ ತಿಳಿದುಬರುತ್ತದೆ. ಬೆಳವಡಿ, ಮುರಗೋಡ, ನೇಸರಗಿ, ಸಂಗೊಳ್ಳಿ ಎಂಬ ಅಡ್ಡಹೆಸರಿನವರು ಬಹುಮಟ್ಟಿಗೆ ಆ ಊರುಗಳಲ್ಲಿ ನೆಲೆಸಿರುವವರಲ್ಲ, ಅವುಗಳನ್ನು ತೊರೆದು ಬಂದವರ ಸಂತತಿ. ಆದರೆ ಯಾವ ಕಾಲದಲ್ಲಿ ಬಂದರು, ಬಂದವನು ಯಾರು, ಅಣ್ಣತಮ್ಮಂದಿರಲ್ಲಿ ಹಿಂದೆ ಉಳಿದವರಾರು ಎಂಬುದನ್ನು ಅಡ್ಡಹೆಸರು ಹೇಳಲಾರದು. ಅದನ್ನು ಹೇಳತಕ್ಕವನು ಹೆಳವ.

ಹೆಳವರು ಉತ್ತರ ಕರ್ನಾಟಕದ ಅಲೆಮಾರಿ ವಂಶಾವಳಿಕಾರರು. ಕಾಲಿಲ್ಲದ ಮೂಲಪುರುಷನೊಬ್ಬನಿಗೆ ಸಂಚಾರಕ್ಕಾಗಿ ಎತ್ತೊಂದು ದೊರೆತು, ಭಕ್ತರ ಮನೆತನಗಳ ಹೆಸರನ್ನು ಕೊಂಡಾಡುವ ಕಾಯಕವು ಅವನ ಪಾಲಿಗೆ ಬಂದಿತೆಂಬ ಐತಿಹ್ಯವನ್ನು ಅವರು ಹೇಳುತ್ತಾರೆ. ಎತ್ತಿನ ಬೆನ್ನೇರಿ, ಕಾಲುಗಳನ್ನು ಹೊದಿಕೆಯಲ್ಲಿ ಮರೆಸಿಕೊಂಡು, ಗಂಟೆಯ ನಾದದೊಡನೆ ಊರು ಹೊಗುತ್ತಿದ್ದ ಹಳೆಯ ಪದ್ಧತಿಗೆ ಈ ಐತಿಹ್ಯವೇ ಆಧಾರ. ಲಿಂಗಾಯತರು, ಕುರುಬರು, ರೆಡ್ಡಿಗಳು, ನಾಯಕರು ಮೊದಲಾದ ಒಕ್ಕಲು ಮನೆತನಗಳು ಅವರಿಗೆ ವಂಶಪಾರಂಪರ್ಯವಾಗಿ ಹಂಚಿಹೋಗಿವೆ. ಹೊಲವನ್ನು ಪಾಲು ಮಾಡಿಕೊಳ್ಳುವಂತೆಯೇ ಹೆಳವ ಸಹೋದರರು ತಮ್ಮ ಒಕ್ಕಲುಗಳನ್ನು ಪಾಲು ಮಾಡಿಕೊಳ್ಳುತ್ತಾರೆ, ಮತ್ತು ಒಬ್ಬನ ಮನೆಗೆ ಇನ್ನೊಬ್ಬನು ಹೋಗುವುದಿಲ್ಲ.

ಸುಗ್ಗಿ ಮುಗಿದು ರಾಶಿ ಮನೆ ಸೇರಿದ ಮೇಲೆ, ಬೆಳಗಿನ ಜಾವದಲ್ಲಿ ಓಣಿಯ ತುದಿಯಲ್ಲಿ ಗಂಟೆಯ ಸಪ್ಪಳವಾದರೆ, "ಹೆಳವರು ಬಂದಾರ, ಕಂಬಳಿ ಹಾಸ್ರಿ" ಎಂದು ಮನೆಯ ಹಿರಿಯರು ಪಡಸಾಲೆಗೆ ಬರುತ್ತಾರೆ. ಹೆಳವನು ಬಟ್ಟೆಯಲ್ಲಿ ಸುತ್ತಿದ ಹೊತ್ತಿಗೆಯನ್ನು ಬಿಚ್ಚಿ, ಶಿವನನ್ನೂ ಆ ಮನೆಯವರ ಮನೆದೇವರನ್ನೂ ಸ್ತುತಿಸಿ, ಬೆಡಗನ್ನು ಉಚ್ಚರಿಸಿ, ಮೂಲಪುರುಷನಿಂದ ಆರಂಭಿಸಿ, ಅವನು ಯಾವ ಊರಿನಲ್ಲಿದ್ದನು, ಯಾವ ಕಾರಣದಿಂದ ಅದನ್ನು ಬಿಟ್ಟನು, ಅವನ ಮಕ್ಕಳೆಷ್ಟು, ಅವರಲ್ಲಿ ಯಾರ ಕವಲು ಎಲ್ಲಿ ಹಬ್ಬಿತು ಎಂಬುದನ್ನು ಏಕಶ್ವಾಸದ ಲಯದಲ್ಲಿ ಹೇಳುತ್ತ, ಕೊನೆಗೆ ಎದುರಿಗೆ ಕುಳಿತ ಮಗುವಿನ ಅಜ್ಜನ ಹೆಸರಿಗೆ ಬಂದು ನಿಲ್ಲುವನು. ಆಗ ಮನೆಯವರು, ಅವನು ಕಳೆದ ಬಾರಿ ಬಂದುಹೋದ ತರುವಾಯ ಹುಟ್ಟಿದವರ ಹೆಸರುಗಳನ್ನು ಹೇಳಬೇಕು, ಅವನು ಬರೆದುಕೊಳ್ಳಬೇಕು. ಬಳಿಕ ಕಾಳು, ಬಟ್ಟೆ, ಹಣ, ಅನುಕೂಲವಿದ್ದವರಲ್ಲಿ ಆಕಳ ಕರುವೋ ಎಮ್ಮೆಯ ಕರುವೋ ಅವನಿಗೆ ಕಾಣಿಕೆಯಾಗಿ ಸಲ್ಲುವುದು. ಹಿಂದೆ ತಾಮ್ರಪಟಗಳಲ್ಲಿಯೂ ತಾಳೆಗರಿಗಳಲ್ಲಿಯೂ ಇದ್ದ ಈ ದಾಖಲೆ ಕಾಲಕ್ರಮದಲ್ಲಿ ಕಾಗದಕ್ಕೆ ಇಳಿಯಿತು. ಒಂದೇ ಬೆಡಗಿನವರೊಳಗೆ ಸಂಬಂಧ ಕೂಡದೆಂಬ ಕಟ್ಟಳೆಯಿರುವ ಮನೆಗಳವರು ಮದುವೆಯ ಮಾತಿಗೆ ಮುನ್ನ ಹೆಳವನ ಮಾತನ್ನು ಕೇಳುತ್ತಿದ್ದುದು ಈ ಹೊತ್ತಿಗೆಯ ಮೇಲಿನ ವಿಶ್ವಾಸದಿಂದಲೇ.

ದೂರದ ಐರ್ಲೆಂಡಿನ ಸಂಗತಿಯನ್ನು ಇದರೊಡನೆ ಇಟ್ಟು ನೋಡಿದರೆ ಹೆಳವನ ಕಾಯಕದ ಬೆಲೆ ಇನ್ನೂ ಸ್ಪಷ್ಟವಾಗುತ್ತದೆ. 1845ರಿಂದ ಆಲೂಗಡ್ಡೆಯ ಬೆಳೆಗೆ ಬಿದ್ದ ರೋಗದಿಂದ ಉಂಟಾದ ಮಹಾಕ್ಷಾಮದಲ್ಲಿ ಲಕ್ಷಾಂತರ ಜನ ಆ ದ್ವೀಪವನ್ನು ಬಿಟ್ಟು ಅಮೆರಿಕವನ್ನು ಸೇರಿದರು. ಅವರ ಸಂತತಿಯವರು ಇಂದು ಪೂರ್ವಿಕರನ್ನು ಅರಸುವುದು ಖಾನೇಸುಮಾರಿಯ ಹಾಳೆಗಳಲ್ಲಿ. ಅಮೆರಿಕದ ಜನಗಣತಿಯ ಮೂಲಪತ್ರಗಳು 72 ವರ್ಷಗಳ ಅನಂತರ ಸಾರ್ವಜನಿಕರಿಗೆ ತೆರೆಯುತ್ತವೆ. ಆದರೆ ಆ ಪತ್ರಗಳಲ್ಲಿ ಜನ್ಮಸ್ಥಳವೆಂಬ ಅಂಕಣದೆದುರು ಬಹುತೇಕ 'ಐರ್ಲೆಂಡ್' ಎಂಬ ಒಂದೇ ಮಾತು ಇರುತ್ತದೆ. ಯಾವ ಜಿಲ್ಲೆ, ಯಾವ ಹಳ್ಳಿ ಎಂಬುದಿಲ್ಲ. ಐರ್ಲೆಂಡಿನಲ್ಲಿಯೇ ಹುಡುಕೋಣವೆಂದರೆ, ಹತ್ತೊಂಬತ್ತನೆಯ ಶತಮಾನದ ಗಣತಿಪತ್ರಗಳಲ್ಲಿ ಕೆಲವು ಸರ್ಕಾರದ ಕೈಯಿಂದಲೇ ನಾಶವಾದವು, ಉಳಿದವುಗಳಲ್ಲಿ ಬಹುಪಾಲು 1922ರಲ್ಲಿ ಡಬ್ಲಿನ್ನಿನ ದಫ್ತರಖಾನೆಯೊಡನೆ ಸುಟ್ಟುಹೋದವು. ಸಮಗ್ರವಾಗಿ ಉಳಿದುಬಂದ ಅತ್ಯಂತ ಹಳೆಯ ಗಣತಿ 1901ರದು. ಆ ನಾಡಿನಲ್ಲಿಯೂ ಒಂದು ಕಾಲಕ್ಕೆ ವಂಶಾವಳಿಯೇ ಕುಲವೃತ್ತಿಯಾಗಿದ್ದ ಮನೆತನಗಳಿದ್ದವು. ಡುವಾಲ್ಡ್ ಮ್ಯಾಕ್‌ಫರ್ಬಿಸ್ ಎಂಬ ಅಂಥ ಪಂಡಿತನು ಹದಿನೇಳನೆಯ ಶತಮಾನದ ಮಧ್ಯದಲ್ಲಿ ಗಾಲ್ವೆ ನಗರದಲ್ಲಿ ಕುಳಿತು ಐರಿಷ್ ವಂಶಗಳ ಮಹಾಗ್ರಂಥವನ್ನು ಸಂಕಲಿಸಿದನು. ಆ ವೃತ್ತಿ ಅಲ್ಲಿ ಎಂದೋ ಅಳಿದುಹೋಯಿತು.

ನಮ್ಮಲ್ಲಿ ಗಣತಿಯ ಪತ್ರಗಳಿಂದ ಪೂರ್ವಿಕರನ್ನು ಹುಡುಕುವ ಮಾರ್ಗವೇ ಇಲ್ಲ. ದೇಶಾದ್ಯಂತ ಏಕಕಾಲಕ್ಕೆ ನಡೆದ ಮೊದಲ ಖಾನೇಸುಮಾರಿ 1881ರ ಫೆಬ್ರವರಿ 17ರದು. ಅದರ ಕೋಷ್ಟಕಗಳು ಅಚ್ಚಾಗಿ ಉಳಿದವೇ ಹೊರತು ಮನೆಮನೆಯ ಹೆಸರಿನ ಹಾಳೆಗಳನ್ನು ಕಾಪಾಡುವ ಪದ್ಧತಿ ಇರಲಿಲ್ಲ. 1948ರ ಜನಗಣತಿ ಕಾಯಿದೆಯ ಪ್ರಕಾರ ವ್ಯಕ್ತಿಗತ ವಿವರಗಳು ಯಾರ ಪರಿಶೀಲನೆಗೂ ದೊರೆಯತಕ್ಕವಲ್ಲ. 1876ರಿಂದ 1878ರವರೆಗಿನ ಭೀಕರ ಬರ ಬೆಳಗಾವಿ, ಧಾರವಾಡ, ವಿಜಯಪುರದ ಸೀಮೆಗಳನ್ನು ಬರಿದುಮಾಡಿದಾಗ, ಬೆಳಗಾವಿ ಜಿಲ್ಲೆಯ ಜನಸಂಖ್ಯೆ 1872ಕ್ಕಿಂತ 1881ಕ್ಕೆ ಇಳಿದಿತ್ತೆಂದು ಗಣತಿ ತಿಳಿಸುತ್ತದೆ. ಯಾವ ಮನೆಯ ದೀಪ ಆರಿತು, ಯಾವನು ಎತ್ತು ಹೊಡೆದುಕೊಂಡು ಹೊಳೆಯಾಚೆಯ ಬಂಧುಗಳ ಊರಿಗೆ ಹೋದನೆಂಬುದು ಅದರ ಲೆಕ್ಕಕ್ಕೆ ಬರುವ ವಿಷಯವಲ್ಲ. ಇಂಥದು ಎಲ್ಲಿಯಾದರೂ ದಾಖಲಾಗಿದ್ದರೆ ಹೆಳವರ ಹೊತ್ತಿಗೆಯಲ್ಲಿ. ಸವದತ್ತಿ ತಾಲ್ಲೂಕಿನ ನವಿಲುತೀರ್ಥದಲ್ಲಿ ಮಲಪ್ರಭೆಗೆ ಅಣೆಕಟ್ಟು ಕಟ್ಟಿದ ಮೇಲೆ ಹಿನ್ನೀರಿನಲ್ಲಿ ಊರು ಕಳೆದುಕೊಂಡು ಚದುರಿದವರಿಗೆ, ತಮ್ಮ ಹಿರಿಯರ ಊರಿನ ಹೆಸರನ್ನು ವರುಷಗಳುರುಳಿದರೂ ಎದುರಿಗೆ ನಿಂತು ಉಚ್ಚರಿಸುವವನೊಬ್ಬನಿದ್ದಾನೆಂಬುದು ಸಣ್ಣ ಸಮಾಧಾನವಲ್ಲ.

ಹೆಳವನ ಮಾತೆಲ್ಲವೂ ಇತಿಹಾಸವೆಂದು ನಾನು ಹೇಳಲಾರೆ. ಮೂಲಪುರುಷನ ಬಳಿಯ ಮೊದಲ ತಲೆಮಾರುಗಳಲ್ಲಿ ಪುರಾಣವೂ ಪ್ರಶಂಸೆಯೂ ಬೆರೆತಿರುತ್ತವೆ. ಈಚಿನ ತಲೆಮಾರುಗಳಿಗೆ ಬಂದಂತೆ ಮಾತು ಬಿಗಿಯಾಗುತ್ತದೆ, ಮತ್ತು ಅಲ್ಲಿ ಅದನ್ನು ಹೊಲದ ಉತಾರದೊಡನೆ, ವಾರಸಾ ನೋಂದಣಿಯೊಡನೆ ಹೋಲಿಸಿ ನೋಡಬಹುದು. ವಂಶವೃಕ್ಷದ ಪ್ರಮಾಣಪತ್ರಕ್ಕಾಗಿ ನಾಡಕಚೇರಿಗೆ ಹೋಗುವವರು ಮೂರು ತಲೆಮಾರಿನ ಹೆಸರು ಜೋಡಿಸಲು ಪಡುವ ಪ್ರಯಾಸವನ್ನು ಕಂಡವರಿಗೆ, ಹೆಳವನು ಅದನ್ನು ತಡವರಿಸದೆ ಹೇಳುವುದು ಎಂಥ ಸಾಧನೆಯೆಂಬುದು ಅರಿವಾಗುವುದು.

ಈಗ ಎತ್ತಿನ ಸ್ಥಾನಕ್ಕೆ ಮೋಟರ್ ಸೈಕಲ್ಲು ಬಂದಿದೆ. ಹೆಳವರ ಮಕ್ಕಳು ಶಾಲೆಗೆ ಹೋಗುತ್ತಾರೆ, ಹೋಗಲೇಬೇಕು. ಒಕ್ಕಲುಗಳ ಮಕ್ಕಳು ಪುಣೆ, ಬೆಂಗಳೂರುಗಳಲ್ಲಿದ್ದಾರೆ. ಆದ್ದರಿಂದ ಹೆಳವನು ಬಂದ ದಿನ ಅವನ ಪಾಠವನ್ನು ಮೊಬೈಲಿನಲ್ಲಿ ಧ್ವನಿಮುದ್ರಿಸಿಕೊಂಡು, ಅವನ ಒಪ್ಪಿಗೆ ಪಡೆದು ನಕಲು ಮಾಡಿಟ್ಟುಕೊಂಡು, ಅದಕ್ಕೆ ತಕ್ಕ ಸಂಭಾವನೆಯನ್ನು ಕೊಡುವುದು ಪ್ರತಿಯೊಂದು ಮನೆಯವರಿಂದಲೂ ಆಗತಕ್ಕ ಕೆಲಸ. ಇನ್ನೊಂದು ಕೊರತೆಯನ್ನೂ ತುಂಬಬೇಕಾಗಿದೆ: ಈ ವಂಶಾವಳಿಗಳ ಎಳೆ ತಂದೆಯಿಂದ ಮಗನಿಗೆ ಹರಿಯುವುದು, ಹೆಣ್ಣುಮಕ್ಕಳೂ ಸೊಸೆಯಂದಿರೂ ಬದಿಗೆ ಸರಿದಿರುತ್ತಾರೆ. ಹೆಳವನು ಬರೆದುಕೊಳ್ಳುವುದು ಮನೆಯವರು ಹೇಳಿದ ಹೆಸರುಗಳನ್ನು. ಮುಂದಿನ ಸುಗ್ಗಿಗೆ ಅವನು ಹೊತ್ತಿಗೆ ಬಿಚ್ಚಿ ಕುಳಿತಾಗ ಮಗಳ ಹೆಸರನ್ನೂ, ಅವಳನ್ನು ಕೊಟ್ಟ ಊರನ್ನೂ, ಸೊಸೆಯ ತವರನ್ನೂ ಹೇಳಿ ಬರೆಸತಕ್ಕದ್ದು.