ಕಾಣೆಯಾದ ಡಿಎಲ್‌ಎಲ್ ಎಲ್ಲಿ ಹುಡುಕಬೇಕು?

ತಿಪಟೂರಿನ ಕೊಬ್ಬರಿ ಮಂಡಿಯೊಂದಕ್ಕೆ ಹೊಸ ಕಂಪ್ಯೂಟರ್ ಬಂತು ಅನ್ನಿ. ಲೆಕ್ಕದ ಹುಡುಗ ಹಳೆಯದರಲ್ಲಿದ್ದ ಬಿಲ್ಲಿಂಗ್ ಸಾಫ್ಟ್‌ವೇರಿನ ಫೋಲ್ಡರನ್ನು ಪೆನ್‌ಡ್ರೈವಿಗೆ ಹಾಕಿಕೊಂಡು ಬಂದು ಹೊಸದಕ್ಕೆ ಇಳಿಸುತ್ತಾನೆ. ಐಕಾನ್ ಒತ್ತಿದರೆ ರೈತರ ಪಟ್ಟಿಯ ಬದಲು ಪುಟ್ಟ ಚೌಕವೊಂದು ಏಳುತ್ತದೆ: ಎಂಎಸ್‌ವಿಸಿಆರ್100.ಡಿಎಲ್‌ಎಲ್ ಸಿಗುತ್ತಿಲ್ಲ. ಫೋಲ್ಡರಿನಲ್ಲಿದ್ದ ಒಂದು ಫೈಲೂ ತಪ್ಪಿಲ್ಲವಲ್ಲ ಎಂದು ಅವನು ತಲೆ ಕೆರೆದುಕೊಳ್ಳುತ್ತಾನೆ. ನಿಜವೇ. ಈಗ ಕಾಣೆಯಾಗಿರುವ ಫೈಲು ಆ ಫೋಲ್ಡರಿನಲ್ಲಿ ಯಾವತ್ತೂ ಇರಲಿಲ್ಲ.

ಡಿಎಲ್‌ಎಲ್ ಅಂದರೆ ಡೈನಾಮಿಕ್ ಲಿಂಕ್ ಲೈಬ್ರರಿ. ಹಲವು ಸಾಫ್ಟ್‌ವೇರ್‌ಗಳಿಗೆ ಬೇಕಾಗುವ ಕೆಲಸಗಳನ್ನು ಒಂದು ಫೈಲಿನಲ್ಲಿ ಬರೆದಿಟ್ಟು, ಬೇಕಾದವರು ಬೇಕಾದಾಗ ಕರೆದು ಮಾಡಿಸಿಕೊಳ್ಳುವ ಏರ್ಪಾಡು. ಮಂಡಿಗೊಂದು ವೇಬ್ರಿಡ್ಜ್ ಯಾರೂ ಹಾಕಿಸುವುದಿಲ್ಲ. ಇರುವ ಒಂದರ ಮೇಲೆಯೇ ಎಲ್ಲರ ಲಾರಿಯೂ ಹತ್ತಿ ಇಳಿಯುತ್ತದೆ, ಅದು ಕೆಟ್ಟ ದಿನ ಎಲ್ಲರ ಲೋಡೂ ನಿಲ್ಲುತ್ತದೆ. ಇದೂ ಹಾಗೆಯೇ. ಲಿನಕ್ಸ್‌ನಲ್ಲಿ ಇಂಥ ಫೈಲಿನ ಹೆಸರಿಗೆ ‘ಎಸ್‌ಒ’ ಎಂಬ ಬಾಲ, ಮ್ಯಾಕ್‌ನಲ್ಲಿ ‘ಡೈಲಿಬ್’. ಡಿಸ್ಕ್‌ನಲ್ಲೂ ಮೆಮೊರಿಯಲ್ಲೂ ಜಾಗ ಉಳಿಯುತ್ತದೆ. ಒಂದು ಕಡೆ ದೋಷ ತಿದ್ದಿದರೆ ಬಳಸುವವರಿಗೆಲ್ಲ ತಿದ್ದಿದಂತೆ.

ಇದರ ಲಾಭವನ್ನು ನಾವು ಕನ್ನಡದಲ್ಲೇ ಉಂಡಿದ್ದೇವೆ. ‘ಕೊಬ್ಬರಿ’ ಎಂದು ಯೂನಿಕೋಡ್‌ನಲ್ಲಿ ಟೈಪ್ ಮಾಡಿದಾಗ ಕಂಪ್ಯೂಟರ್ ಉಳಿಸಿಕೊಳ್ಳುವುದು ಏಳು ಸಂಕೇತಗಳನ್ನು: ಕ, ಒಕಾರದ ಚಿಹ್ನೆ, ಬ, ಹಲಂತ, ಇನ್ನೊಂದು ಬ, ರ, ಇಕಾರದ ಚಿಹ್ನೆ. ಎರಡನೆಯ ಬಕಾರವನ್ನು ಒತ್ತಾಗಿಸಿ ಮೊದಲನೆಯದರ ಕೆಳಗೆ ಕೂರಿಸಬೇಕೆಂಬ ತೀರ್ಮಾನ ಯಾರದು? ವಿಂಡೋಸ್ ಎಕ್ಸ್‌ಪಿಯಲ್ಲಿ (2001) ಆ ಕೆಲಸ ಯುಎಸ್‌ಪಿ10.ಡಿಎಲ್‌ಎಲ್ ಎಂಬ ಒಂದೇ ಫೈಲಿನದು. ಒತ್ತಿನ ಆಕಾರಗಳು ತುಂಗಾ ಫಾಂಟಿನಲ್ಲಿರುತ್ತಿದ್ದವು, ಯಾವುದನ್ನು ಎಲ್ಲಿಡಬೇಕೆಂಬ ಬುದ್ಧಿ ಈ ಡಿಎಲ್‌ಎಲ್‌ನಲ್ಲಿ. ನೋಟ್‌ಪ್ಯಾಡ್ ಬರೆದವರಿಗೆ ಕನ್ನಡ ಗೊತ್ತಿರಬೇಕಾಗಿರಲಿಲ್ಲ. ಎಂಎಸ್ ಆಫೀಸ್ 2003 ಮಾತ್ರ ಇದರದೇ ಹೊಸ ಪ್ರತಿಯೊಂದನ್ನು ತನ್ನ ಜೊತೆಗೆ ತಂದಿತ್ತು. ಒಂದೇ ಕಂಪ್ಯೂಟರಿನ ಎರಡು ಸಾಫ್ಟ್‌ವೇರ್‌ಗಳಲ್ಲಿ ಒಂದೇ ಪದ ಬೇರೆ ಬೇರೆಯಾಗಿ ಕಾಣಲು ಇಂಥ ಎರಡು ಪ್ರತಿಗಳಿದ್ದರೆ ಸಾಕು. ಅಷ್ಟೇಕೆ, ವಿಂಡೋಸ್‌ನಲ್ಲಿ ಈಗಲೂ ನೀವು ಆರಿಸಿಕೊಳ್ಳುವ ಕನ್ನಡ ಕೀಲಿಮಣೆ ವಿನ್ಯಾಸವೂ ಒಂದು ಡಿಎಲ್‌ಎಲ್ಲೇ. ಲಿನಕ್ಸ್‌ನಲ್ಲಿ ಒತ್ತಕ್ಷರ ಕೂರಿಸುವುದು ಹಾರ್ಫ್‌ಬಝ್ ಎಂಬ ಲೈಬ್ರರಿ. ಕ್ರೋಮ್, ಫೈರ್‌ಫಾಕ್ಸ್, ಲಿಬ್ರೆಆಫೀಸ್ ಕೂಡ ಅದನ್ನೇ ನಂಬಿವೆ.

ಹಂಚಿಕೊಂಡಿದ್ದಕ್ಕೆ ಜಗಳವೂ ತಪ್ಪಿದ್ದಲ್ಲ. 1990ರ ದಶಕದಲ್ಲಿ ಹೊಸದಾಗಿ ಹಾಕಿದ ಸಾಫ್ಟ್‌ವೇರ್ ತನ್ನ ಹಳೇ ಡಿಎಲ್‌ಎಲ್ ಅನ್ನು ಸಿಸ್ಟಂ ಫೋಲ್ಡರಿನ ಹೊಸದರ ಮೇಲೆ ಬರೆದುಬಿಡುತ್ತಿತ್ತು; ಅದುವರೆಗೆ ಚೆನ್ನಾಗಿದ್ದ ಇನ್ನೊಂದು ಸಾಫ್ಟ್‌ವೇರ್ ಮಲಗುತ್ತಿತ್ತು. ಇದಕ್ಕೆ ‘ಡಿಎಲ್‌ಎಲ್ ಹೆಲ್’ ಎಂದೇ ಹೆಸರು ಬಿತ್ತು. ವಿಂಡೋಸ್ 2000 ತನ್ನ ಮುಖ್ಯ ಫೈಲುಗಳ ಮೇಲೆ ಕಾವಲಿಟ್ಟಿತು. ಎಕ್ಸ್‌ಪಿ ಬಂದಮೇಲೆ ಒಂದೇ ಡಿಎಲ್‌ಎಲ್‌ನ ಬೇರೆ ಬೇರೆ ಆವೃತ್ತಿಗಳು ಅಕ್ಕಪಕ್ಕ ಇರುವ ವ್ಯವಸ್ಥೆಯಾಯಿತು.

ಈಗ ಮಂಡಿಯ ಕಂಪ್ಯೂಟರಿಗೆ ಮದ್ದು. ಫೈಲಿನ ಹೆಸರನ್ನೇ ಓದಿ: ಎಂಎಸ್‌ವಿಸಿಆರ್100ರಲ್ಲಿನ 100 ಅಂದರೆ ವಿಷುಯಲ್ ಸಿ++ 2010. 110 ಇದ್ದರೆ 2012, 120 ಇದ್ದರೆ 2013. ವಿಸಿರನ್‌ಟೈಮ್140 ಅಂದರೆ 2015 ಅಥವಾ ಆಮೇಲಿನದು. ಆ ವರ್ಷದ ‘ವಿಷುಯಲ್ ಸಿ++ ರೀಡಿಸ್ಟ್ರಿಬ್ಯೂಟಬಲ್’ ಪ್ಯಾಕೇಜನ್ನು ಮೈಕ್ರೋಸಾಫ್ಟ್ ತಾಣದಿಂದಲೇ ಉಚಿತವಾಗಿ ಇಳಿಸಿ ಹಾಕಿ. ಬಿಲ್ಲಿಂಗ್ ಸಾಫ್ಟ್‌ವೇರ್ 32 ಬಿಟ್‌ನದಾದರೆ, ಕಂಪ್ಯೂಟರ್ 64 ಬಿಟ್‌ನದಾಗಿದ್ದರೂ, ಬೇಕಾಗುವುದು ಎಕ್ಸ್86 ಪ್ಯಾಕೇಜು. ಇಲ್ಲೊಂದು ಗೊಂದಲವಿದೆ: 64 ಬಿಟ್ ವಿಂಡೋಸ್‌ನಲ್ಲಿ 64 ಬಿಟ್ ಫೈಲುಗಳಿರುವುದು ಸಿಸ್ಟಂ32 ಫೋಲ್ಡರಿನಲ್ಲಿ, 32 ಬಿಟ್‌ನವು ಸಿಸ್‌ವಾವ್64ರಲ್ಲಿ! ಹೆಸರಿಟ್ಟವರನ್ನು ಬೈದು ಪ್ರಯೋಜನವಿಲ್ಲ. ಕಾಣೆಯಾದದ್ದು ವಿಂಡೋಸ್‌ನ ಸ್ವಂತ ಫೈಲಾದರೆ, ಅಡ್ಮಿನಿಸ್ಟ್ರೇಟರ್ ಆಗಿ ಕಮಾಂಡ್ ಪ್ರಾಂಪ್ಟ್ ತೆರೆದು ‘ಎಸ್‌ಎಫ್‌ಸಿ /ಸ್ಕ್ಯಾನ್‌ನೌ’ ಎಂಬ ಆಜ್ಞೆಯನ್ನು ಇಂಗ್ಲಿಷ್ ಅಕ್ಷರಗಳಲ್ಲಿ ಕೊಡಿ.

ಮಾಡಬಾರದ್ದು ಒಂದಿದೆ. ಫೈಲಿನ ಹೆಸರನ್ನು ಗೂಗಲ್‌ನಲ್ಲಿ ಹುಡುಕಿ, ಬಿಡಿ ಡಿಎಲ್‌ಎಲ್ ಕೊಡುವ ಯಾವುದೋ ತಾಣದಿಂದ ಇಳಿಸಿಕೊಳ್ಳಬೇಡಿ. ಸಾಫ್ಟ್‌ವೇರ್ ಸಾಮಾನ್ಯವಾಗಿ ಡಿಎಲ್‌ಎಲ್‌ಗಾಗಿ ಮೊದಲು ತನ್ನ ಫೋಲ್ಡರಿನಲ್ಲಿ ನೋಡುತ್ತದೆ, ಅಲ್ಲಿಲ್ಲದಿದ್ದರೆ ಸಿಸ್ಟಂ ಫೋಲ್ಡರಿಗೆ ಹೋಗುತ್ತದೆ. ನೀವು ತಂದಿಟ್ಟ ಅದೇ ಹೆಸರಿನ ಕಳ್ಳ ಫೈಲು ಮೊದಲು ಸಿಕ್ಕರೆ ಅದನ್ನೇ ಒಳಗೆ ಕರೆದುಕೊಳ್ಳುತ್ತದೆ. ಆಮೇಲೆ ನಿಮ್ಮ ಸಾಫ್ಟ್‌ವೇರಿಗೆ ಇರುವ ಅಧಿಕಾರವೆಲ್ಲ ಅದಕ್ಕೂ ಇರುತ್ತದೆ. ರೈತರ ಬ್ಯಾಂಕ್ ಖಾತೆಗಳ ವಿವರ ಇರುವ ಕಂಪ್ಯೂಟರಿನಲ್ಲಿ ಇಂಥ ಧೈರ್ಯ ಬೇಡ.

ವಿಷುಯಲ್ ಬೇಸಿಕ್ 6ರಲ್ಲಿ (1998) ಬರೆದ ಹಳೇ ಬಿಲ್ಲಿಂಗ್ ಸಾಫ್ಟ್‌ವೇರ್ ಆದರೆ ಕತೆ ಸ್ವಲ್ಪ ಬೇರೆ. ಅದಕ್ಕೆ ಬೇಕಾದ ಎಂಎಸ್‌ವಿಬಿವಿಎಂ60.ಡಿಎಲ್‌ಎಲ್ ವಿಂಡೋಸ್ 10ರಲ್ಲೂ ಇದೆ, ಆದರೆ ಎಂಎಸ್‌ಕಾಮ್‌ಸಿಟಿಎಲ್.ಒಸಿಎಕ್ಸ್‌ನಂಥವು ವಿಂಡೋಸ್ ಜೊತೆ ಬರುವುದಿಲ್ಲ. ಬರಿದೆ ಕಾಪಿ ಮಾಡಿದರೆ ಇವು ಕೆಲಸ ಮಾಡವು, ವಿಂಡೋಸ್‌ನಲ್ಲಿ ನೋಂದಣಿಯಾಗಬೇಕು. ಆ ಕೆಲಸವನ್ನು ಮಾಡುವುದು ಸೆಟಪ್ ಫೈಲು. ಹಾಗಾಗಿ ಹಳೇ ಕಂಪ್ಯೂಟರನ್ನು ಗುಜರಿಗೆ ಹಾಕುವ ಮೊದಲು ಸಾಫ್ಟ್‌ವೇರ್ ಕೊಟ್ಟವರಿಗೆ ಫೋನ್ ಮಾಡಿ, ಸೆಟಪ್ ಫೈಲು ತರಿಸಿ ಎರಡು ಕಡೆ ತೆಗೆದಿಡಿ.